ಒಂದು ತಿಂಗಳು ಉಂಡ ‘ಆರೋಗ್ಯ ಡಬ್ಬಿ’: ಅಡುಗೆಗೆ ಮೆಚ್ಚುಗೆ, ಚೀಟಿಗೆ ಆಕ್ಷೇಪ

ದಾವಣಗೆರೆಯ ವಿದ್ಯಾನಗರದ ಕಡೆ ಮನೆಯೊಂದರಲ್ಲಿ ಅಡುಗೆ ಮಾಡಿ ಮಧ್ಯಾಹ್ನದ ಊಟವನ್ನು ಮನೆಮನೆಗೆ ಮುಟ್ಟಿಸುವ ಸೇವೆಯೊಂದರಿಂದ ಕಳೆದ ತಿಂಗಳು ನಾವು ಎರಡು ಡಬ್ಬಿ ತರಿಸಿಕೊಂಡೆವು. ಡಬ್ಬಿಯೊಂದಕ್ಕೆ 120 ರೂಪಾಯಿ, ಭಾನುವಾರ ರಜೆ, 26 ದಿನಕ್ಕೆ 3,120 ರೂಪಾಯಿ ಮುಂಗಡ. ‘ಸಿರಿಧಾನ್ಯದ ಸಮತೋಲನ ಆಹಾರ’ ಎಂಬುದು ಅವರ ಪ್ರಚಾರದ ಮಾತು. ಒಂದು ಡಬ್ಬಿ ಆರು ವರ್ಷಗಳಿಂದ ಸಕ್ಕರೆ ಕಾಯಿಲೆ ಇರುವ ನಮ್ಮ ಮನೆಯವರಿಗೆ, ಇನ್ನೊಂದು 82 ವರ್ಷದ ಅತ್ತೆಯವರಿಗೆ. ಮೂಳೆ ಮುರಿದ ಕೈಗೆ ಪಟ್ಟಿ ಹಾಕಿಸಿಕೊಂಡಿದ್ದ ನನಗೆ ಒಲೆಯ ಮುಂದೆ ನಿಲ್ಲಲಾಗದಿದ್ದುದೇ ಈ ವ್ಯವಸ್ಥೆಗೆ ಕಾರಣ. ಸೇವೆಯ ಹೆಸರನ್ನು ಇಲ್ಲಿ ಬರೆಯುತ್ತಿಲ್ಲ. ನಾನು ಎತ್ತುವ ಆಕ್ಷೇಪಗಳಲ್ಲಿ ಹೆಚ್ಚಿನವು ಅವರೊಬ್ಬರಿಗೆ ಸೇರಿದವಲ್ಲ. ಅವರಿಂದ ಊಟ ಕೊಳ್ಳುವ ನಮಗೂ ಅಷ್ಟೇ ಸೇರಿದವು.

ಮೊದಲು ಅಡುಗೆಯ ವಿಷಯ. ನಾಲ್ಕು ಅಂತಸ್ತಿನ ಸ್ಟೀಲ್ ಕ್ಯಾರಿಯರ್ ಪ್ರತಿದಿನ ಒಂದು ಗಂಟೆಯ ಒಳಗೆ ಬಂದಿತು, ಎರಡು ದಿನ ಮಾತ್ರ ತಡವಾಯಿತು. ಸೋಮವಾರ, ಬುಧವಾರ ಮತ್ತು ಶನಿವಾರ ನವಣೆ, ಸಾಮೆ ಇಲ್ಲವೇ ಊದಲಿನ ಅನ್ನ ಅಥವಾ ಬಾತು; ಮಂಗಳವಾರ ಮತ್ತು ಶುಕ್ರವಾರ ಜೋಳದ ರೊಟ್ಟಿ; ಗುರುವಾರ ರಾಗಿ ಮುದ್ದೆ. ರೊಟ್ಟಿಯ ದಿನದ ಊಟವನ್ನು ನಾನು ಮನಸಾರೆ ಹೊಗಳುತ್ತೇನೆ. ತೆಳುವಾಗಿ ಬಡಿದ ಎರಡು ರೊಟ್ಟಿ, ಎಣ್ಣೆಗಾಯಿ, ಮೊಳಕೆ ಬಂದ ಹೆಸರುಕಾಳಿನ ಪಲ್ಯ, ಶೇಂಗಾ ಚಟ್ನಿಪುಡಿ, ಹಸಿ ಸೌತೆಕಾಯಿ, ಗಟ್ಟಿ ಮೊಸರು ಇವಿಷ್ಟೂ ಒಂದಕ್ಕೊಂದು ಹೊಂದಿಕೊಂಡು ಬರುತ್ತಿದ್ದವು. ಗುರುವಾರದ ಬಸ್ಸಾರು ನಮ್ಮ ಅತ್ತೆಯವರ ಮೆಚ್ಚುಗೆಯನ್ನೇ ಪಡೆಯಿತು, ಅದು ಸುಲಭವಾಗಿ ಸಿಗುವಂಥದ್ದಲ್ಲ. ಧಾನ್ಯವನ್ನು ಅವರು ಪೂರ್ತಿ ಪಾಲಿಶ್ ಮಾಡಿಸುವುದಿಲ್ಲ. ಅನ್ನದ ಬಣ್ಣ ಮಂಕಾಗಿ, ಅಗಿಯುವಾಗ ತುಸು ಒರಟಾಗಿ ಇರುತ್ತದೆ. ಇದು ದೊಡ್ಡ ಗುಣ. ಸಿರಿಧಾನ್ಯದ ನಾರು ಮತ್ತು ಖನಿಜಗಳಲ್ಲಿ ಬಹುಪಾಲು ಹೊರಪದರದಲ್ಲಿಯೇ ಇರುತ್ತವೆ. ಆ ಪದರದ ಕೊಬ್ಬಿನಿಂದ ಧಾನ್ಯ ಬೇಗ ಕಮಟು ಹಿಡಿಯುತ್ತದೆಂದು ಮಾರುಕಟ್ಟೆಯಲ್ಲಿ ಅದನ್ನು ಬೆಳ್ಳಗೆ ಉಜ್ಜಿ ಮಾರುತ್ತಾರೆ. ಉಜ್ಜಿದ ಸಾಮೆಗೆ ಹೆಚ್ಚು ಬೆಲೆ ಕೊಟ್ಟು, ಅದು ಅಕ್ಕಿಗಿಂತ ಬಹಳ ಬೇರೆ ಎಂದು ನಂಬಿ ಮನೆಗೆ ಒಯ್ಯುವವರನ್ನು ನಾನು ಕಂಡಿದ್ದೇನೆ.

ಇನ್ನು ಅಳತೆಯ ವಿಷಯ. ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸಿ ನಿವೃತ್ತಳಾದ ನನಗೆ ತೂಗಿ ನೋಡದೆ ಸಮಾಧಾನವಾಗುವುದಿಲ್ಲ. ಅಡುಗೆಮನೆಯ ಚಿಕ್ಕ ತಕ್ಕಡಿಯಲ್ಲಿ ಅನ್ನದ ದಿನಗಳ ಡಬ್ಬಿಯನ್ನು ಅಂತಸ್ತು ಅಂತಸ್ತಾಗಿ ತೂಗಿದೆ. ಅನ್ನ ಸರಾಸರಿ 310 ಗ್ರಾಂ, ಪಲ್ಯ 70 ಗ್ರಾಂ, ಕೋಸಂಬರಿ ಮೂರು ಚಮಚ, ಉಳಿದದ್ದು ತಿಳಿಯಾದ ಸಾರು ಮತ್ತು ಮಜ್ಜಿಗೆ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ 2024ರಲ್ಲಿ ಪ್ರಕಟಿಸಿದ ಆಹಾರ ಮಾರ್ಗಸೂಚಿಯಲ್ಲಿ ದಿನಕ್ಕೆ 2000 ಕಿಲೋಕ್ಯಾಲರಿ ಬೇಕಾದವರ ತಟ್ಟೆಯ ಲೆಕ್ಕವಿದೆ. ಹಸಿ ತೂಕದಲ್ಲಿ ಧಾನ್ಯ 250 ಗ್ರಾಂ, ತರಕಾರಿ ಮತ್ತು ಸೊಪ್ಪು 400 ಗ್ರಾಂ, ಹಣ್ಣು 100 ಗ್ರಾಂ, ಬೇಳೆಕಾಳು ಅಥವಾ ಮೊಟ್ಟೆ, ಮಾಂಸ 85 ಗ್ರಾಂ, ಶೇಂಗಾ, ಬಾದಾಮಿಯಂಥ ಬೀಜಗಳು 35 ಗ್ರಾಂ, ಹಾಲು ಅಥವಾ ಮೊಸರು 300 ಮಿಲಿಲೀಟರ್, ಎಣ್ಣೆ ಮತ್ತು ಕೊಬ್ಬು 27 ಗ್ರಾಂ. ಈ ಲೆಕ್ಕದಲ್ಲಿ ತರಕಾರಿಯ ತೂಕ ಧಾನ್ಯದ ತೂಕಕ್ಕಿಂತ ಹೆಚ್ಚು. ನಮ್ಮ ಡಬ್ಬಿಯಲ್ಲಿ ಬೆಂದ ಅನ್ನ ಪಲ್ಯದ ನಾಲ್ಕು ಪಟ್ಟಿಗೂ ಹೆಚ್ಚಿತ್ತು. ಅದೇ ಮಾರ್ಗಸೂಚಿಯ ಪ್ರಕಾರ, ಒಟ್ಟು ಶಕ್ತಿಯಲ್ಲಿ ಧಾನ್ಯದ ಪಾಲು ಶೇ. 45ರ ಆಸುಪಾಸಿನಲ್ಲಿ ಇರಬೇಕಾದಲ್ಲಿ ಭಾರತೀಯರ ಊಟದಲ್ಲಿ ಅದು ಶೇ. 50ರಿಂದ 70ರವರೆಗೆ ಇದೆ. ನಮ್ಮ ಡಬ್ಬಿ ಆ ಹಳೆಯ ತಟ್ಟೆಯ ಆಕಾರವನ್ನು ಹಾಗೆಯೇ ಉಳಿಸಿಕೊಂಡು, ಅಕ್ಕಿಯ ಜಾಗಕ್ಕೆ ನವಣೆಯನ್ನು ತಂದಿತ್ತು.

ಇದು ಸಣ್ಣ ಮಾತಲ್ಲ ಎಂದು ನನಗೆ ತಿಳಿದದ್ದು ಮನೆಯವರ ಊಟದ ರೀತಿ ನೋಡಿದಾಗ. ಅಕ್ಕಿಯನ್ನವಾದರೆ ಒಂದು ಬಟ್ಟಲಿಗೆ ಕೈ ತಡೆಯುತ್ತಿದ್ದವರು ಮೊದಲ ವಾರ ನವಣೆಯನ್ನದ ಅಂತಸ್ತನ್ನು ಪೂರ್ತಿ ಖಾಲಿ ಮಾಡಿದರು. ಅಮ್ಮನ ಡಬ್ಬಿಯಲ್ಲಿ ಉಳಿದದ್ದನ್ನೂ ಹಾಕಿಸಿಕೊಂಡರು. ಡಬ್ಬಿಯ ಜೊತೆ ಬರುವ ಬಣ್ಣದ ಚೀಟಿಯಲ್ಲಿ ‘ನವಣೆ: ಮಧುಮೇಹಕ್ಕೆ ರಾಮಬಾಣ, ಎಷ್ಟು ತಿಂದರೂ ಸಕ್ಕರೆ ಏರುವುದಿಲ್ಲ’ ಎಂದು ಅಚ್ಚಾಗಿತ್ತು. ಊಟವಾದ ಎರಡು ಗಂಟೆಗೆ ಬೆರಳು ಚುಚ್ಚಿ ನೋಡಿದಾಗ 212 ಬಂದಿತು. ವೈದ್ಯರು ಅವರಿಗೆ ಹೇಳಿರುವ ಮಿತಿ 180. ಮರುವಾರ ಅದೇ ನವಣೆಯನ್ನವನ್ನು 180 ಗ್ರಾಮಿಗೆ ಇಳಿಸಿ, ಮನೆಯಲ್ಲಿ ಬೇಯಿಸಿದ ಹುರುಳಿಕಾಳಿನ ಪಲ್ಯ ಮತ್ತು ಒಂದು ಸೌತೆಕಾಯಿ ಸೇರಿಸಿ ಕೊಟ್ಟೆ. ಅಂದು 164 ಇತ್ತು. ಒಬ್ಬರ ಮನೆಯ ಎರಡು ದಿನದ ಅಳತೆಯಿಂದ ಸಿದ್ಧಾಂತ ಕಟ್ಟಬಾರದು ಎಂಬ ಅರಿವು ನನಗಿದೆ. ಆದರೆ ಇದರ ಹಿಂದಿನ ಕಾರಣದಲ್ಲಿ ಗುಟ್ಟೇನೂ ಇಲ್ಲ. 100 ಗ್ರಾಂ ಅಕ್ಕಿಯಲ್ಲಿ ಸುಮಾರು 78 ಗ್ರಾಂ ಶರ್ಕರಪಿಷ್ಟ (ಕಾರ್ಬೋಹೈಡ್ರೇಟ್) ಇದ್ದರೆ ಸಾಮೆ, ನವಣೆಗಳಲ್ಲಿ 60ರಿಂದ 65 ಗ್ರಾಂ ಇರುತ್ತದೆ. ಶಕ್ತಿಯ ಲೆಕ್ಕದಲ್ಲಿ ಅಕ್ಕಿಯೂ ಸಾಮೆಯೂ 350 ಕಿಲೋಕ್ಯಾಲರಿಯ ಆಸುಪಾಸಿನಲ್ಲಿಯೇ ನಿಲ್ಲುತ್ತವೆ. ನಾರು ಹೆಚ್ಚಿರುವುದರಿಂದ ಸಿರಿಧಾನ್ಯ ನಿಧಾನವಾಗಿ ಜೀರ್ಣವಾಗುತ್ತದೆ, ಹೊಟ್ಟೆ ತುಂಬಿದ ಭಾವನೆ ಹೆಚ್ಚು ಹೊತ್ತು ಇರುತ್ತದೆ. ಈ ಉಪಕಾರ ನಿಜ, ದೊಡ್ಡದು. ಆದರೆ ಅಳತೆಯನ್ನು ಒಂದೂವರೆ ಪಟ್ಟು ಮಾಡಿದರೆ ಅದು ಅಲ್ಲಿಗೇ ಕರಗಿ ಹೋಗುತ್ತದೆ. ಅದೇ ಧಾನ್ಯವನ್ನು ನುಣ್ಣಗೆ ಬೀಸಿ ಗಂಜಿಯೋ ಮಾಲ್ಟೋ ಮಾಡಿ ಕುಡಿದರೆ ಇನ್ನೂ ಬೇಗ ರಕ್ತಕ್ಕೆ ಸೇರುತ್ತದೆ.

ಆ ಚೀಟಿಗಳನ್ನು ನಾನು ಎಸೆಯದೆ 26 ದಿನವೂ ಕೂಡಿಟ್ಟೆ. ಅವುಗಳಲ್ಲಿ ಸರಿಯಾದ ಮಾತೂ ಇದೆ. ಸೊಪ್ಪಿನ ಊಟದ ಮೇಲೆ ನಿಂಬೆರಸ ಹಿಂಡಿಕೊಳ್ಳಿ, ಊಟವಾದ ಕೂಡಲೇ ಚಹಾ ಕುಡಿಯಬೇಡಿ ಎಂದು ಗುರುವಾರದ ಚೀಟಿ ಹೇಳುತ್ತದೆ; ನಿಂಬೆಯ ಸಿ ಜೀವಸತ್ವ ಸೊಪ್ಪಿನ ಕಬ್ಬಿಣಾಂಶ ಹೀರಲು ನೆರವಾಗುತ್ತದೆ, ಚಹಾದ ಒಗರು ಅದನ್ನು ತಡೆಯುತ್ತದೆ, ಆದ್ದರಿಂದ ಈ ಸಲಹೆ ಅಚ್ಚುಕಟ್ಟಾದದ್ದು. ನಿಂಬೆಹೋಳನ್ನು ಡಬ್ಬಿಯಲ್ಲಿಯೇ ಇಟ್ಟಿರುತ್ತಾರೆ ಎಂಬುದು ಇನ್ನೂ ಸಂತೋಷದ ವಿಷಯ. ರಾಗಿಯಲ್ಲಿ ಸುಣ್ಣದ ಅಂಶ ಹೇರಳ ಎಂಬುದೂ ನಿಜ. 100 ಗ್ರಾಂ ರಾಗಿಯಲ್ಲಿ ಸುಮಾರು 360 ಮಿಲಿಗ್ರಾಂ ಇರುತ್ತದೆ, ಬೇರೆ ಯಾವ ಧಾನ್ಯವೂ ಅದರ ಹತ್ತಿರ ಬರುವುದಿಲ್ಲ. ಆದರೆ ಇಂಥ ಮಾತುಗಳ ಪಕ್ಕದಲ್ಲಿಯೇ ಗುಲಾಬಿ ಬಣ್ಣದ ಕಲ್ಲುಪ್ಪು ರಕ್ತದೊತ್ತಡ ಏರಿಸುವುದಿಲ್ಲ ಎಂದಿದೆ. ಆ ಉಪ್ಪೂ ಬಹುಪಾಲು ಸೋಡಿಯಂ ಕ್ಲೋರೈಡೇ. ದಿನಕ್ಕೆ 5 ಗ್ರಾಂ ಮೀರಬಾರದೆಂಬ ವಿಶ್ವ ಆರೋಗ್ಯ ಸಂಸ್ಥೆಯ ಮಿತಿ ಅದಕ್ಕೂ ಅನ್ವಯಿಸುತ್ತದೆ, ಮೇಲಾಗಿ ಅದರಲ್ಲಿ ಸಾಮಾನ್ಯವಾಗಿ ಅಯೋಡಿನ್ ಬೆರೆಸಿರುವುದಿಲ್ಲ. ಇನ್ನೊಂದು ಚೀಟಿ ಮಂಡಕ್ಕಿಯನ್ನು ವಿಷವೆಂಬಂತೆ ಬಣ್ಣಿಸುತ್ತದೆ. ಮಂಡಕ್ಕಿಗೆ ಹೆಸರಾದ ಈ ಊರಿನಲ್ಲಿ ಕುಳಿತು ಹಾಗೆ ಬರೆಯುವುದು ನನಗೆ ಅನ್ಯಾಯವೆನಿಸಿತು. ಮಂಡಕ್ಕಿಯಲ್ಲಿ ಪೋಷಕಾಂಶ ಕಡಿಮೆ ಎಂಬುದು ನಿಜ, ಆದರೆ ತೂಕವೂ ಕಡಿಮೆ. ಒಂದು ತಟ್ಟೆಯ ತುಂಬ ಹಾಕಿದರೂ 30 ಗ್ರಾಂ ದಾಟುವುದು ಕಷ್ಟ. ಹುರಿಗಡಲೆ ಪುಡಿ, ಶೇಂಗಾ, ಈರುಳ್ಳಿ, ಟೊಮೆಟೊ ಬೆರೆತ ಒಗ್ಗರಣೆ ಮಂಡಕ್ಕಿ ಸಂಜೆಯ ತಿಂಡಿಯಾಗಿ ಕೆಟ್ಟದ್ದಲ್ಲ. ಎಣ್ಣೆಯ ಲೆಕ್ಕ ಕೇಳಬೇಕಾದದ್ದು ಅದರ ಪಕ್ಕದಲ್ಲಿ ಬರುವ ಮೆಣಸಿನಕಾಯಿ ಬಜ್ಜಿಯದು.

ಶನಿವಾರದ ಡಬ್ಬಿಯಲ್ಲಿ ‘ಸಕ್ಕರೆರಹಿತ’ ಎಂಬ ಅಂಟುಚೀಟಿಯ ಪೊಟ್ಟಣದಲ್ಲಿ ಒಂದು ಸಿರಿಧಾನ್ಯದ ಲಡ್ಡು ಇರುತ್ತಿತ್ತು. ರುಚಿ ಚೆನ್ನಾಗಿತ್ತು, ಏಕೆಂದರೆ ಅದರಲ್ಲಿ ಬೆಲ್ಲವಿತ್ತು. ಬೆಲ್ಲದ ತೂಕದಲ್ಲಿ ನೂರಕ್ಕೆ ಎಂಬತ್ತು ಭಾಗಕ್ಕೂ ಹೆಚ್ಚು ಸಕ್ಕರೆಯೇ. ಒಂದಿಷ್ಟು ಕಬ್ಬಿಣ ಮತ್ತು ಬೇರೆ ಖನಿಜ ಇರುತ್ತವೆ, ಆದರೆ ಅವುಗಳಿಗಾಗಿ ಬೆಲ್ಲ ತಿನ್ನಲು ಹೊರಟರೆ ಸಕ್ಕರೆಯನ್ನೇ ಹಿಡಿಹಿಡಿಯಾಗಿ ತಿಂದಂತಾಗುತ್ತದೆ. ಆಹಾರ ಸುರಕ್ಷತಾ ಪ್ರಾಧಿಕಾರದ 2018ರ ನಿಯಮದ ಪ್ರಕಾರ ‘ಸಕ್ಕರೆರಹಿತ’ ಎಂದು ಬರೆಯಬೇಕಾದರೆ 100 ಗ್ರಾಂ ಪದಾರ್ಥದಲ್ಲಿ ಸಕ್ಕರೆಯ ಅಂಶ 0.5 ಗ್ರಾಂ ಮೀರುವಂತಿಲ್ಲ. ಬೆಲ್ಲದ ಲಡ್ಡು ಆ ಮಾತಿನ ಹತ್ತಿರಕ್ಕೂ ಬರುವುದಿಲ್ಲ. ನಮ್ಮ ಓಣಿಯಲ್ಲಿ ಇದೇ ಡಬ್ಬಿ ತರಿಸುವ ಮತ್ತೊಬ್ಬರು, ಅವರಿಗೂ ಸಕ್ಕರೆ ಕಾಯಿಲೆ, ಬಿಳಿ ಸಕ್ಕರೆ ಬಿಟ್ಟು ಎರಡು ವರ್ಷವಾಯಿತೆಂದು ಹೇಳುತ್ತಲೇ ಈ ಲಡ್ಡುಗಳನ್ನು ಬೇರೆಯಾಗಿ ಅರ್ಧ ಕಿಲೋ ತರಿಸಿಟ್ಟುಕೊಂಡಿದ್ದರು. ಪೊಟ್ಟಣದ ಮೇಲೆ ಸರ್ಕಾರದ ನಂಬರ್ ಇದೆಯಲ್ಲ ಎಂಬುದು ಅವರ ಧೈರ್ಯ. ಆ 14 ಅಂಕಿಯ ನಂಬರ್ ತಯಾರಕರು ಆಹಾರ ವ್ಯವಹಾರಕ್ಕೆ ಪರವಾನಗಿಯನ್ನೋ ನೋಂದಣಿಯನ್ನೋ ಪಡೆದಿದ್ದಾರೆ ಎಂಬುದನ್ನಷ್ಟೇ ಹೇಳುತ್ತದೆ. ಒಳಗಿನ ತಿಂಡಿ ಸಕ್ಕರೆ ಕಾಯಿಲೆಯವರಿಗೆ ಒಳ್ಳೆಯದು ಎಂಬುದಕ್ಕೆ ಅದು ಪ್ರಮಾಣಪತ್ರವಲ್ಲ.

ಅತ್ತೆಯವರ ಡಬ್ಬಿಯ ಕಥೆಯೇ ಬೇರೆ. ಅವರು ಹೊಸದುರ್ಗದ ಕಡೆಯವರು, ಸಾಮೆ ಬೆಳೆಯುವ ಹೊಲಗಳ ನಡುವೆ ಬೆಳೆದವರು. ಮೊದಲ ದಿನ ಸಾಮೆಯನ್ನ ನೋಡಿ, “ಇದು ನಮ್ಮ ಕಾಲದಾಗೆ ಬಡವರ ಕೂಳು ಕಣವ್ವ. ಇದ್ರ ಜೊತಿಗೆ ಹುರುಳಿಕಟ್ಟಿನ ಸಾರು, ಹುಚ್ಚೆಳ್ಳು ಚಟ್ನಿ, ಹೊಲದ ಬದುವಿನ ಸೊಪ್ಪು ಎಲ್ಲಾ ಇರೋವು. ಅವೆಲ್ಲ ಎಲ್ಲಿ?” ಎಂದು ಕೇಳಿದರು. ಚೀಟಿ ಬರೆದವರಿಗಿಂತ ಅವರಿಗೆ ಆಹಾರಶಾಸ್ತ್ರ ಹೆಚ್ಚು ತಿಳಿದಿದೆ ಎಂದು ನನಗೆ ಅಂದು ಅನಿಸಿತು. ಸಾಮೆ ಒಂದೇ ಅವರನ್ನು ಗಟ್ಟಿಯಾಗಿ ಬೆಳೆಸಲಿಲ್ಲ. ಅದರ ಜೊತೆಗಿದ್ದ ಕಾಳು, ಎಣ್ಣೆಬೀಜ, ಸೊಪ್ಪು ಮತ್ತು ದಿನವಿಡೀ ಹೊಲದ ದುಡಿಮೆ ಬೆಳೆಸಿದವು. ಈಗ ಅವರ ತೂಕ 41 ಕಿಲೋ. ಹಲ್ಲು ಹೆಚ್ಚು ಉಳಿದಿಲ್ಲ, ಹಸಿವು ಕಡಿಮೆ. ಇಂಥವರಿಗೆ ಬೇಕಾದದ್ದು ಸ್ವಲ್ಪವೇ ತಿಂದರೂ ಶಕ್ತಿ ಮತ್ತು ಪ್ರೋಟೀನ್ ಸಿಗುವ ಮೆತ್ತನೆಯ ಊಟ: ತುಪ್ಪ ಹಾಕಿದ ಬೇಳೆ, ಮೊಸರು, ಬೇಯಿಸಿದ ಮೊಟ್ಟೆ. ಅವರ ಡಬ್ಬಿಯೂ ಮಗನ ಡಬ್ಬಿಯ ಪಡಿಯಚ್ಚಾಗಿಯೇ ಬಂದಿತು, ‘ತೂಕ ಇಳಿಸಲು ಸಹಕಾರಿ’ ಎಂಬ ಚೀಟಿಯ ಸಮೇತ. ಆರೋಗ್ಯಕರ ಆಹಾರವೆಂದರೆ ಕಡಿಮೆ ಮಾಡುವುದು, ಬಿಡುವುದು, ಇಳಿಸುವುದು ಎಂಬ ತಿಳಿವಳಿಕೆ ನಮ್ಮ ನಗರಗಳಲ್ಲಿ ಎಷ್ಟು ಬಲವಾಗಿ ಬೇರೂರಿದೆ ಎಂದರೆ, ಕೊರತೆಯಿಂದ ಬಳಲುವವರು ಅದೇ ಮನೆಯಲ್ಲಿ ಇದ್ದಾರೆ ಎಂಬುದು ನೆನಪಾಗುವುದಿಲ್ಲ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಕರ್ನಾಟಕದ 15ರಿಂದ 49 ವರ್ಷದ ಮಹಿಳೆಯರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಜನರಿಗೆ ರಕ್ತಹೀನತೆ ಕಂಡುಬಂದಿತ್ತು. ನಾನು ಪಾಠ ಮಾಡಿದ ತರಗತಿಗಳಲ್ಲಿ ಬೆಳಗಿನ ಪ್ರಾರ್ಥನೆಯ ಸಾಲಿನಲ್ಲಿ ತಲೆ ಸುತ್ತಿ ಕುಳಿತ ಹೆಣ್ಣುಮಕ್ಕಳ ಮುಖಗಳು ಈ ಅಂಕಿಯನ್ನು ಓದುವಾಗಲೆಲ್ಲ ಕಣ್ಣ ಮುಂದೆ ಬರುತ್ತವೆ.

ಸೇವೆಯ ಜೊತೆ ಉಚಿತವಾಗಿ ಸಿಗುವ ದೂರವಾಣಿ ಸಲಹೆಯನ್ನೂ ಬಳಸಿದೆ. ಮಾತನಾಡಿದ ಯುವತಿ ವಿನಯವಂತೆ. ಆದರೆ ವಯಸ್ಸು, ತೂಕ, ಔಷಧ ಯಾವುದನ್ನೂ ಕೇಳದೆ ಹಣ್ಣು ಪೂರ್ತಿ ಬಿಡಿ, ಅನ್ನದ ಬದಲು ಸಿರಿಧಾನ್ಯ ಎಷ್ಟಾದರೂ ತಿನ್ನಿ ಎಂದರು. ಇದಕ್ಕೆ ಅಂಕ ಕೊಡಲಾರೆ. ಸಕ್ಕರೆ ಕಾಯಿಲೆಯ ಮಾತ್ರೆಯ ಮೇಲಿರುವವರು ಇಂಥ ಸಲಹೆಯ ಆಧಾರದಲ್ಲಿ ಊಟ ಬದಲಿಸದೆ ತಮ್ಮ ವೈದ್ಯರನ್ನು ಅಥವಾ ತರಬೇತಿ ಪಡೆದ ಆಹಾರತಜ್ಞರನ್ನು ಕೇಳುವುದೇ ಕ್ಷೇಮ.

ಮೂರನೆಯ ವಾರ ನಾನೇ ಅವರ ಅಡುಗೆಮನೆಗೆ ಹೋದೆ. ಜಗಳೂರು ಕಡೆಯ ಯುವಕರೊಬ್ಬರು ತಾಯಿ ಮತ್ತು ಹೆಂಡತಿಯ ಜೊತೆ ಸೇರಿ ದಿನಕ್ಕೆ 60 ಡಬ್ಬಿ ಕಟ್ಟುತ್ತಾರೆ. ಜಾಗ ಶುಚಿಯಾಗಿತ್ತು, ನನ್ನ ಪ್ರಶ್ನೆಗಳಿಗೆ ಅವರು ಬೇಸರಪಡಲಿಲ್ಲ. ಅನ್ನದ ದಿನ 60 ಡಬ್ಬಿಗೆ ಒಂದು ಕಿಲೋ ಬೇಳೆ, ರೊಟ್ಟಿಯ ದಿನ ಎರಡೂವರೆ ಕಿಲೋ ಕಾಳು ಎಂದರು. ಅಲ್ಲಿಯೇ ಲೆಕ್ಕ ಹಾಕಿದೆವು: ಅನ್ನದ ದಿನ ಒಬ್ಬರಿಗೆ 17 ಗ್ರಾಂ ಬೇಳೆ, ಅದರಿಂದ ಸಿಗುವ ಪ್ರೋಟೀನ್ ನಾಲ್ಕು ಗ್ರಾಂ. 60 ಕಿಲೋ ತೂಕದವರಿಗೆ ದಿನಕ್ಕೆ ಸುಮಾರು 50 ಗ್ರಾಂ ಬೇಕು. ರೊಟ್ಟಿಯ ದಿನ 40 ಗ್ರಾಂ ಕಾಳು ಬೀಳುತ್ತದೆ, ಅದು ಒಳ್ಳೆಯ ಅಳತೆ. ಸಾರು ಉಂಡರೆ ಬೇಳೆ ಉಂಡಂತೆಯೇ ಎಂದು ನಾವೆಲ್ಲರೂ ಭಾವಿಸುತ್ತೇವೆ. ತಿಳಿಸಾರಿನಲ್ಲಿ ಬೇಳೆಯ ಬಣ್ಣ ಇರುವಷ್ಟು ಬೇಳೆ ಇರುವುದಿಲ್ಲ. ಎಣ್ಣೆ ಚಳ್ಳಕೆರೆಯಿಂದ ತರಿಸಿದ ಗಾಣದ ಶೇಂಗಾ ಎಣ್ಣೆ, ದಿನಕ್ಕೆ ಎರಡು ಲೀಟರ್. ಹಂಚಿದರೆ ಡಬ್ಬಿಗೆ 30 ಗ್ರಾಂ, ಅಂದರೆ ಇಡೀ ದಿನದ ಮಿತಿ ಒಂದೇ ಊಟದಲ್ಲಿ ಮೀರುತ್ತದೆ. ಈ ಲೆಕ್ಕ ಕೇಳಿ ಅವರ ತಾಯಿ ನಿಜಕ್ಕೂ ನೊಂದುಕೊಂಡರು. ಗಾಣದ ಎಣ್ಣೆಯಾದ್ದರಿಂದ ಧಾರಾಳವಾಗಿ ಹಾಕಿದಷ್ಟೂ ಒಳ್ಳೆಯದು ಎಂದು ಅವರು ನಂಬಿದ್ದರು. ಗಾಣದ್ದಾಗಲಿ ಕಾರ್ಖಾನೆಯದ್ದಾಗಲಿ, ಒಂದು ಗ್ರಾಂ ಎಣ್ಣೆಯಲ್ಲಿ ಒಂಬತ್ತು ಕಿಲೋಕ್ಯಾಲರಿ ಇದ್ದೇ ಇರುತ್ತದೆ. ಒಬ್ಬರಿಗೆ ತಿಂಗಳಿಗೆ ಒಂದು ಲೀಟರಿಗಿಂತ ತುಸು ಕಡಿಮೆ ಎಂದು ಲೆಕ್ಕ ಇಟ್ಟುಕೊಂಡರೆ, ನಾಲ್ವರ ಮನೆಗೆ ಐದು ಲೀಟರಿನ ಕ್ಯಾನು ತಿಂಗಳಿಗೂ ಹೆಚ್ಚು ಬರಬೇಕು.

ಅನ್ನ ಕಡಿಮೆ ಮಾಡಿ ಪಲ್ಯ, ಕಾಳು ಹೆಚ್ಚಿಸಬಾರದೇ ಎಂದು ಕೇಳಿದಾಗ ಆ ಯುವಕರು ಕೊಟ್ಟ ಉತ್ತರವನ್ನು ಹಾಗೆಯೇ ಬರೆಯುತ್ತೇನೆ: “ಅನ್ನ ಸಾಲಲ್ಲ ಅಂತ ವಾರಕ್ಕೆ ನಾಲ್ಕು ಫೋನ್ ಬರ್ತಾವೆ ಮೇಡಂ. ಪಲ್ಯ ಸಾಲಲ್ಲ ಅಂತ ಎರಡು ವರ್ಷದಾಗೆ ಒಬ್ರೂ ಕೇಳಿಲ್ಲ.” ಚೀಟಿಯ ಬರಹಗಳನ್ನು ಮೊಬೈಲಿಗೆ ಬಂದ ಸಂದೇಶಗಳಿಂದ ಆರಿಸಿ ಅಚ್ಚು ಹಾಕಿಸಿದ್ದಾಗಿಯೂ ಒಪ್ಪಿಕೊಂಡರು. ಅವರ ಮೇಲೆ ನನಗೆ ಸಿಟ್ಟು ಬರಲಿಲ್ಲ. ಬೆಳಗ್ಗೆ ಕುಂದವಾಡ ಕೆರೆಯ ದಂಡೆಯ ಮೇಲೆ ನಡೆಯುವವರ ಮಾತು ಕೇಳಿದರೆ ಕೊರಲೆ, ಹಾರಕ, ಒಮೆಗಾ, ಪ್ರೋಟೀನ್ ಎಂಬ ಹೆಸರುಗಳು ಎಲ್ಲರ ಬಾಯಲ್ಲಿಯೂ ಇವೆ. ಎಷ್ಟು, ಯಾವುದರ ಜೊತೆ, ಯಾರಿಗೆ ಎಂಬ ಪ್ರಶ್ನೆ ಬಹಳ ಕಡಿಮೆ ಕೇಳಿಸುತ್ತದೆ. ನಾನೂ ಮೂವತ್ತು ವರ್ಷ ಮಕ್ಕಳಿಗೆ ಜೀವಸತ್ವಗಳ ಹೆಸರು ಮತ್ತು ಕೊರತೆಯ ಕಾಯಿಲೆಗಳ ಪಟ್ಟಿಯನ್ನು ಬಾಯಿಪಾಠ ಮಾಡಿಸಿದೆ. ತಟ್ಟೆಯೊಂದನ್ನು ತಂದಿಟ್ಟು ಅದರಲ್ಲಿ ಅನ್ನ ಎಷ್ಟಿರಬೇಕು, ಸೊಪ್ಪು ಎಷ್ಟಿರಬೇಕು ಎಂದು ಒಮ್ಮೆಯೂ ತೋರಿಸಲಿಲ್ಲ. ಆ ಕೊರಗು ನನಗಿದೆ.

ನನ್ನ ಅಭಿಪ್ರಾಯ ಕೇಳುವವರಿಗೆ ಇಷ್ಟು ಹೇಳಬಲ್ಲೆ. ಅಡುಗೆ ಮಾಡಿಕೊಳ್ಳಲಾಗದ, ಹೋಟೆಲಿನ ಊಟ ಒಗ್ಗದ ಮಧ್ಯವಯಸ್ಸಿನವರು ಈ ಡಬ್ಬಿಯನ್ನು ಧಾರಾಳವಾಗಿ ತರಿಸಬಹುದು. ರೊಟ್ಟಿ ಮತ್ತು ಮುದ್ದೆಯ ದಿನಗಳು ಕೊಟ್ಟ ಹಣಕ್ಕೆ ಮೋಸವಿಲ್ಲ. ಸಕ್ಕರೆ ಕಾಯಿಲೆ ಇರುವವರು ಅನ್ನದ ದಿನ ಅರ್ಧ ಅನ್ನವನ್ನು ತೆಗೆದಿಟ್ಟು, ಮನೆಯಲ್ಲಿ ಒಂದು ಬಟ್ಟಲು ಬೇಯಿಸಿದ ಕಾಳನ್ನು ಸೇರಿಸಿಕೊಳ್ಳಬೇಕು, ಶನಿವಾರದ ಲಡ್ಡನ್ನು ಬೇರೆಯವರಿಗೆ ಕೊಡಬೇಕು. ತೂಕ ಕಡಿಮೆ ಇರುವ ವೃದ್ಧರಿಗೆ, ಬೆಳೆಯುವ ಮಕ್ಕಳಿಗೆ, ಬಾಣಂತಿಯರಿಗೆ ಇದನ್ನೇ ಪೂರ್ಣ ಊಟವೆಂದು ನೆಚ್ಚಿಕೊಳ್ಳಬಾರದು. ಅತ್ತೆಯವರ ಡಬ್ಬಿಯನ್ನು ನಾವು ನಿಲ್ಲಿಸಿದ್ದೇವೆ. ಕೈ ಪಟ್ಟಿ ಬಿಚ್ಚಿದ್ದರಿಂದ ಅವರ ಬೇಳೆ, ಮೊಸರು, ಮೊಟ್ಟೆಯನ್ನು ನಾನೇ ನೋಡಿಕೊಳ್ಳುತ್ತಿದ್ದೇನೆ.

ಮನೆಯವರ ಡಬ್ಬಿ ಈ ತಿಂಗಳೂ ಬರುತ್ತಿದೆ. ನಮ್ಮ ಮಾತಿನ ಬಳಿಕ ಆ ಯುವಕರು ‘ಅರ್ಧ ಅನ್ನ, ಜೋಡಿ ಪಲ್ಯ’ ಎಂಬ ಇನ್ನೊಂದು ಡಬ್ಬಿಯನ್ನು 130 ರೂಪಾಯಿಗೆ ಶುರು ಮಾಡಿದ್ದಾರೆ; 60ರಲ್ಲಿ 11 ಮನೆಯವರು ಅದನ್ನು ಆರಿಸಿಕೊಂಡಿದ್ದಾರೆಂದು ಮೊನ್ನೆ ತಿಳಿಸಿದರು. ಎಣ್ಣೆಯನ್ನು ಒಂದು ಲೀಟರಿಗೆ ಇಳಿಸಿದ್ದಾರೆ, ಎಣ್ಣೆಗಾಯಿಯ ರುಚಿಯಲ್ಲಿ ನನಗೆ ವ್ಯತ್ಯಾಸ ಕಾಣಲಿಲ್ಲ. ಲಡ್ಡಿನ ಪೊಟ್ಟಣದ ಮೇಲೆ ಈಗ ‘ಬೆಲ್ಲದ ಲಡ್ಡು’ ಎಂದಷ್ಟೇ ಇದೆ. ನವಣೆಯ ಚೀಟಿ ಮಾತ್ರ ಹಳೆಯದೇ ಬರುತ್ತಿದೆ. ಅಚ್ಚು ಹಾಕಿಸಿದ್ದು ಮುಗಿದ ಮೇಲೆ ಬದಲಿಸುತ್ತೇನೆ ಎಂದಿದ್ದಾರೆ. ಅದು ಮುಗಿಯುವವರೆಗೆ ಕಾಯಬೇಡಿ, ಇಂದಿನಿಂದಲೇ ಡಬ್ಬಿಯಲ್ಲಿ ಇಡುವುದನ್ನು ನಿಲ್ಲಿಸಿ ಎಂದು ಅವರನ್ನು ಕೇಳಿಕೊಂಡಿದ್ದೇನೆ.